ಹೂಂ ಅನ್ನದ ಫೋನು

ಏಳು ಕೆರೆ ದಾಟಿ ಎಂಟನೇ ಕೆರೆಯ ಏರಿ ಹಿಡಿದು ಹೋದರೆ ಒಂದು ಅರಮನೆ ಇತ್ತಂತೆ. ಅಲ್ಲೊಬ್ಬ ಕಿರಿಯ ರಾಣಿ. ಒಂದು ಸಂಜೆ ಚಿನ್ನದ ಕೊಕ್ಕಿನ ಹಕ್ಕಿಯೊಂದು ಬಂದು ಅವಳ ಮಡಿಲಲ್ಲಿ ಮೊಟ್ಟೆ ಇಟ್ಟು, 'ನಾನು ಉಳಿಯೋದಿಲ್ಲ ತಾಯಿ, ಇದನ್ನು ನೀನು ಉಳಿಸು. ಮಡಿಲಲ್ಲಿಟ್ಟುಕೊಂಡು ಕೂತಿರು, ಯಾರು ಕರೆದರೂ ಏಳಬೇಡ. ಮೊಟ್ಟೆ ತಾನಾಗಿ ಹೂಂ ಅಂದ ದಿನ ಎದ್ದೇಳು' ಎಂದು ಹೇಳಿ ಕಣ್ಣು ಮುಚ್ಚಿತಂತೆ. ರಾಣಿ ಕೂತಳು. ಅವಳನ್ನು ಎಬ್ಬಿಸಲು ಒಬ್ಬರ ಹಿಂದೆ ಒಬ್ಬರು ಏಳು ಜನ ಅತಿಥಿಗಳು ಬಂದರಂತೆ.

ಆರು ಜನ ಬಂದು ಹೋಗಿದ್ದರು. ಏಳನೆಯ ಅತಿಥಿ ಬಾಗಿಲು ತಟ್ಟಿದ ಹೊತ್ತಿಗೆ ಸರಿಯಾಗಿ ನಮ್ಮ ಮನೆಯ ಫೋನಿನ ಸ್ಪೀಕರ್ ಕೆಟ್ಟಿತು.

ನಮ್ಮದು ಯಳಂದೂರು ತಾಲ್ಲೂಕಿನ ಅಗರ. ಕತೆ ಹೇಳುತ್ತಿದ್ದವಳು ನಮ್ಮಜ್ಜಿ ಪುಟ್ಟಮಲ್ಲಮ್ಮ. ಕೇಳುತ್ತಿದ್ದವಳು ನನ್ನ ಅಕ್ಕ ದಿವ್ಯ, ಹನೂರು ತಾಲ್ಲೂಕಿನ ರಾಮಾಪುರದಲ್ಲಿ, ಗಂಡನ ಮನೆಯ ಮಂಚದ ಮೇಲೆ ಮಲಗಿಕೊಂಡು. ಹೋದ ವರ್ಷ ಅಕ್ಕನಿಗೆ ಐದು ತಿಂಗಳಿಗೇ ಬಸಿರು ಇಳಿದುಹೋಗಿತ್ತು. ಈ ಸಲ ಡಾಕ್ಟರಮ್ಮ, "ಮಗುವಿನ ಮಾಸು ಕೆಳಗಡೆ ಕೂತಿದೆ. ಬಸ್ಸು ಹತ್ತಬಾರದು, ಕೊಡ ಎತ್ತಬಾರದು, ಬಚ್ಚಲಿಗೆ ಬಿಟ್ಟರೆ ಏಳಲೇಬಾರದು" ಎಂದುಬಿಟ್ಟರು. ಚೊಚ್ಚಲ ಬಾಣಂತನಕ್ಕೆ ತವರಿಗೆ ಕರೆತರಬೇಕು ಅಂತ ನಮ್ಮಮ್ಮ ಯಶೋದ ಆರಿಸಿ ಒಗೆದು ಮಡಿಚಿಟ್ಟಿದ್ದ ಹಳೇ ಸೀರೆಗಳು ಗಂಟಿನಲ್ಲೇ ಉಳಿದವು. ನಾಟಿ ಕಾಲ, ಕೊಟ್ಟಿಗೆಯಲ್ಲಿ ಎರಡು ಕರೆಯುವ ಹಸು. ಅಮ್ಮ ಒಂದೇ ಒಂದು ಸಲ ರಾಮಾಪುರಕ್ಕೆ ಹೋಗಿ ಬಂದಳು. ಅಜ್ಜಿಗೆ ಬಸ್ಸಿನ ಮೆಟ್ಟಿಲು ಹತ್ತಲು ಮಂಡಿ ಬಗ್ಗದು.

ಮಲಗಿದ ಅಕ್ಕನಿಗೆ ಹೆದರಿಕೆ ಹತ್ತಿತು. ಊಟ ಬಿಟ್ಟಳು. ಆಗ ಅಜ್ಜಿ ಒಂದು ಮಾತು ಕೊಟ್ಟಳು.

"ದಿನಾ ದೀಪ ಅಚ್ಚೋ ಒತ್ತಿಗೆ ಒಂದು ಕತೆ ಏಳ್ತೀನಿ ಕಣ್ ಮೊಗ. ದೊಡ್ಡ ಕತೆ. ನೀನು ಆಸ್ಪತ್ರೆಗೆ ಓಗೋ ಇಂದ್ಲ ದಿವಸ ಮುಗಿಸ್ತೀನಿ. ಕತೆ ಮುಗಿಯೋಗಂಟ ನಿಂಗೇನೂ ಆಗಕ್ಕಿಲ್ಲ. ಬಸುರಿಗೆ ಶುರು ಮಾಡಿದ್ ಕತೆಯ ಅರ್ಧಕ್ಕೆ ಬುಡಬಾರ್ದು. ಬುಡಾಕಿಲ್ಲ."

ಅಕ್ಕ ಅದನ್ನು ನಂಬಿದಳು. ನಾನೂ ನಂಬಿದೆ. ನಾವಿಬ್ಬರೂ ಅಜ್ಜಿಯ ಸೆರಗಿನೊಳಗೆ ಬೆಳೆದವರು; ಅವಳು ಹೇಳಿದ ಮೇಲೆ ಏಳು ಕೆರೆ ಎಂದರೆ ಏಳೇ.

ಆದರೆ ಅಜ್ಜಿಯ ಕತೆಗೆ ಒಂದು ಕಟ್ಟಳೆ ಇದೆ. ಕೇಳುವವರು ಹೂಂಗುಟ್ಟಬೇಕು. ಸಾಲಿಗೊಂದು ಹೂಂ. ಹೂಂ ನಿಂತರೆ ಕತೆಯೂ ನಿಲ್ಲುತ್ತದೆ. "ಹೂಂ ಅನ್ನೋರಿಲ್ಲದ ಮನೇಲಿ ಕತೆ ಏಳಿದ್ರೆ ಗೋಡೆ ಕೇಳ್ಕತದೆ" ಎನ್ನುತ್ತಾಳೆ. ಅವಳಿಗೆ ಬಲಗಿವಿ ಪೂರ್ತಿ ಮಂದ. ಎಡಗಿವಿ ಸೋರುತ್ತದೆ, ಅದರೊಳಗೆ ಏನೂ ಇಡಬೇಡಿ ಎಂದು ಡಾಕ್ಟರು ಹೇಳಿದ್ದಾರೆ. ಹಾಗಾಗಿ ಫೋನನ್ನು ಸ್ಪೀಕರಿಗೆ ಹಾಕಿ ನಡುಮನೆಯ ಒರಳುಕಲ್ಲಿನ ಮೇಲೆ ಇಡುತ್ತಿದ್ದೆವು. ರಾಮಾಪುರದಿಂದ ಅಕ್ಕನ ಹೂಂ ಬಂದು ನಮ್ಮ ಜಂತೆಗೆ ತಾಗುತ್ತಿತ್ತು. ನಾನೂ ಹೂಂ ಅನ್ನುತ್ತಿದ್ದೆ. ಅಪ್ಪ ಶಾಂತಮೂರ್ತಿ ಜಗಲಿಯ ಮೇಲೆ ಕಾಲಿನ ಕೆಸರು ಕೆರೆಯುತ್ತ ನಡುವೆ ಒಂದೆರಡು ಹೂಂ ಸೇರಿಸುತ್ತಿದ್ದರು. ಅಮ್ಮ ಮಾತ್ರ ಎಂದೂ ಹೂಂ ಅನ್ನಲಿಲ್ಲ. ಅಡುಗೆಮನೆಯಲ್ಲಿ ಪಾತ್ರೆಯ ಸದ್ದು ಮಾಡುತ್ತಿದ್ದಳು. ದಿನದಲ್ಲಿ ಅರ್ಧ ಗಂಟೆ ಮಗಳ ದನಿ ಮನೆಗೆ ಬರುತ್ತಿತ್ತು, ಆ ಅರ್ಧ ಗಂಟೆಯನ್ನೂ ಅತ್ತೆ ತೆಗೆದುಕೊಳ್ಳುತ್ತಿದ್ದಳು.

ಕತೆಗೆ ಮೊದಲು ಇನ್ನೊಂದು ಕೆಲಸ ಇರುತ್ತಿತ್ತು. ಸೋಮವಾರ ಬಂತೆಂದರೆ ಅಜ್ಜಿ ವಿಭೂತಿ ಗಟ್ಟಿಯನ್ನು ಅಂಗೈ ನೀರಲ್ಲಿ ತೇದು ಗುದ್ದಲಿ, ಮೊರ, ಪಂಪ್‌ಸೆಟ್ಟಿನ ಸ್ಟಾರ್ಟರ್ ಡಬ್ಬಿ, ಮಿಕ್ಸಿ, ಎಲ್ಲದಕ್ಕೂ ಮೂರು ಬೆರಳು ಎಳೆಯುವವಳು. ಅಕ್ಕ ಮಲಗಿದ ಮೇಲೆ ಫೋನಿಗೆ ದಿನಾ ಸಂಜೆ ಆ ಮರ್ಯಾದೆ ಸಿಕ್ಕಿತು.

"ಮ್ಯಾಗಡೆ ಕಣ್ಣದೆ, ಕಣ್ಗೆ ಬೀಳಬಾರ್ದು" ಎಂದು ಕ್ಯಾಮೆರಾ ಬಿಟ್ಟು, ಫೋನಿನ ತಳದ ಅಂಚಿಗೆ, ಸಣ್ಣ ಸಣ್ಣ ತೂತು ಇರುವಲ್ಲಿ ಹಚ್ಚುತ್ತಿದ್ದಳು. "ಇದು ಇದರ ಕೊರಳು. ನಮ್ ದಿವ್ಯ ಇಲ್ಲಿಂದ ಮಾತಾಡ್ತಾಳೆ. ಕೊರಳಿಗೇ ಅಚ್ಬೇಕು."

ಕತೆ ಮುಗಿದ ಮೇಲೆ ನಾನು ಅದನ್ನು ನೈಟಿಯ ತುದಿಯಲ್ಲಿ ಗಸಗಸ ಒರೆಸಿ ಚಾರ್ಜಿಗೆ ಹಾಕುತ್ತಿದ್ದೆ.

ಅವತ್ತು ಮಂಗಳವಾರ. ಅದಕ್ಕೆ ಮೊದಲೇ ಒಂದು ವಾರದಿಂದ ಅಕ್ಕನ ಹೂಂ ಸಣ್ಣದಾಗುತ್ತಿತ್ತು. ಅವಳಿಗೇ ಸುಸ್ತು ಎಂದುಕೊಂಡಿದ್ದೆವು.

"ರಾಣಿ ಗಾಳಿರಾಯನ್ಗೆ ಏಳಲಿಲ್ಲ. ನಾಗರಾವ್ಗೆ ಏಳಲಿಲ್ಲ. ಬಳೆಗಾರನ್ಗೆ ಏಳಲಿಲ್ಲ. ಕಾಡಾನೆಗೆ ಏಳಲಿಲ್ಲ. ಸಂತೆಗೆ ಕರಿಯಾಕೆ ಬಂದ ಗೆಳತಿಗೆ ಏಳಲಿಲ್ಲ. ಕಣ್ ಎಳೆಯೋಕೆ ಬಂದ ನಿದ್ದೆಗೂ ಏಳಲಿಲ್ಲ" ಎಂದು ಅಜ್ಜಿ ಹಿಂದಿನದೆಲ್ಲ ಎಣಿಸಿ ಮುಂದಕ್ಕೆ ಬಂದಳು. "ಆಮೇಲೆ ಬಾಗಿಲು ಮೂರು ಸಲ ಟಕ್ ಟಕ್ ಟಕ್ ಅಂತು. ಏಳನೇ ಅತಿಥಿ. ಯಾರಪ್ಪ ಅಂದ್ರೆ..."

ಅಕ್ಕನ ಹೂಂಗೆ ಕಾದಳು. ಬರಲಿಲ್ಲ.

"ಹೂಂ ಅನ್ನು ಮೊಗ."

ಫೋನು ಕಲ್ಲಿನ ಮೇಲೆ ಕಲ್ಲಿನ ಹಾಗೆ ಬಿದ್ದಿತ್ತು.

"ದಿವ್ಯಾ? ಮಧು, ನೋಡು, ಅವಳಿಗೇನೋ ಆಯ್ತು ಕಣವ್ವ." ಅಜ್ಜಿಯ ಮುಖ ಬೂದಿಯಾಯಿತು. ಅಮ್ಮ ಕೈಯಲ್ಲಿ ಸೌಟು ಹಿಡಿದುಕೊಂಡೇ ಓಡಿಬಂದಳು.

ನಾನು ಕಿವಿಗೆ ಇಟ್ಟುಕೊಂಡೆ. ಒಳಗೆ ಅಕ್ಕ ಸಣ್ಣಗೆ ಕಿರುಚುತ್ತಿದ್ದಳು: "ಹೂಂ ಹೂಂ ಅಂತಾನೇ ಇದೀನಲ್ಲ, ಕೇಳ್ತಿಲ್ವಾ? ಯಾರಂತೆ ಬಂದೋರು?"

ಕಿವಿಗಿಟ್ಟರೆ ಕೇಳುತ್ತಿತ್ತು. ಸ್ಪೀಕರಿಗೆ ಹಾಕಿದರೆ ಸತ್ತಂತೆ ಇರುತ್ತಿತ್ತು.

ಮರುದಿನ ಬೆಳಿಗ್ಗೆಯಿಂದ ಮನೆಯವರೆಲ್ಲ ವೈದ್ಯರಾದರು. ಅಕ್ಕನ ಗಂಡ ಪರಮೇಶ ಭಾವ ರಾಮಾಪುರದ ತಮ್ಮ ಗೊಬ್ಬರದಂಗಡಿಯಲ್ಲಿ ಕೂತುಕೊಂಡು ಅಪ್ಪನ ಬಟನ್ ಸೆಟ್ಟಿಗೆ ಕರೆ ಮಾಡಿ ಒಂದೊಂದೇ ಹೇಳಿದರು; ಅದನ್ನು ಸ್ಪೀಕರಿಗೆ ಹಾಕಿಕೊಂಡಿದ್ದೆ.

"ಸೈಲೆಂಟಲ್ಲಿ ಅದಾ ನೋಡು ಮಧು."

"ಇಲ್ಲ ಭಾವ."

"ಬ್ಲೂಟೂತ್ ಆಫ್ ಮಾಡು. ಯಾವುದಾದ್ರು ಬೇರೆ ಸ್ಪೀಕರಿಗೆ ಸೌಂಡ್ ಓಯ್ತಿರಬೋದು."

"ಆಫೇ ಇದೆ."

"ಒಂದ್ಸಲ ಆಫ್ ಮಾಡಿ ಆನ್ ಮಾಡು."

ಮಾಡಿದೆ. ಹಾಡು ಹಾಕಿದೆ. ಇಯರ್‌ಫೋನ್ ಸಿಕ್ಕಿಸಿದರೆ ಹಾಡು ಬಂತು, ತೆಗೆದರೆ ಹೋಯಿತು.

"ಹಂಗಾರೆ ಫೋನ್ ಸರಿಯಾಗದೆ, ಸ್ಪೀಕರ್ ಮಾತ್ರ ಓಗದೆ" ಎಂದರು ಭಾವ. "ನೀರಗೀರ ಬಿತ್ತಾ?"

ಆ ಒಂದು ಮಾತು ಸಾಕಾಯಿತು. ಅಜ್ಜಿಗೆ ಕೇಳಿಸಬೇಕಾದದ್ದು ಮಾತ್ರ ಹೇಗೋ ಕೇಳಿಸಿಬಿಡುತ್ತದೆ.

"ನೀರ ಕೈಲಿ ಮುಟ್ಟೋರು ಯಾರು ಈ ಮನೇಲಿ?" ಅಜ್ಜಿ ಅಡುಗೆಮನೆಯ ಕಡೆ ನೋಡಿ ಕೇಳಿದಳು. "ಕೊಟ್ಟಿಗೆ ತೊಳಿಯೋವಾಗ ಸೊಂಟಕ್ಕೆ ಸಿಗಸ್ಕಂಡು ಓಡಾಡೋರು ಯಾರು?"

"ನನ್ನ ಸೊಂಟದಲ್ಲಿ ಇದ್ದದ್ದು ಎಲೆಅಡಿಕೆ ಚೀಲ ಅತ್ತೆ" ಎಂದಳು ಅಮ್ಮ.

"ನಾನು ಕಣ್ಣಾರೆ ಕಂಡಿವ್ನಿ."

"ಕಂಡಿದ್ರೆ ಅವತ್ತೇ ಏಳ್ಬೇಕಾಗಿತ್ತು."

"ಯಾಕೆ ಏಳ್ಲಿ? ಕೆಡ್ಲಿ ಅಂತಾನೇ ಇದ್ರೆ ನಾನ್ಯಾಕೆ ಏಳ್ಲಿ?"

"ನಾನ್ಯಾಕತ್ತೆ ಕೆಡಸ್ಲಿ? ಅವಳು ನನ್ನ ಮಗಳಲ್ವಾ?"

"ಅದಕೇ" ಎಂದಳು ಅಜ್ಜಿ.

ಅಪ್ಪ ಜಗಲಿಯಿಂದ, "ಟ್ರ್ಯಾಕ್ಟರಾಗಿದ್ರೆ ಒಂದು ಏಟು ಕೊಟ್ಟು ಸ್ಟಾರ್ಟ್ ಮಾಡ್ಬೋದಿತ್ತು" ಎಂದು ಹೇಳಿ ಗದ್ದೆಗೆ ಹೋದರು. ಅವರು ಇಬ್ಬರ ನಡುವೆ ಬರುವುದನ್ನು ಮದುವೆಯಾದ ವರ್ಷವೇ ಬಿಟ್ಟವರು.

ಫೋನನ್ನು ಎರಡು ದಿನ ಅಕ್ಕಿ ಡಬ್ಬದಲ್ಲಿ ಹೂತಿಟ್ಟೆವು. ಹೂಳುವ ಮೊದಲು ಅಜ್ಜಿ ಕೊರಳಿಗೆ ಇನ್ನಷ್ಟು ದಪ್ಪಗೆ ವಿಭೂತಿ ಬಳಿದಳು. ಕಾಯಿಲೆ ಬಿದ್ದವರಿಗೆ ಹಾಗೇ ತಾನೆ ಮಾಡುವುದು. ಎರಡು ದಿನವಾದ ಮೇಲೆ ತೆಗೆದರೆ ತೂತಿನ ತುಂಬ ಬಿಳುಪು; ಅಕ್ಕಿ ಧೂಳು ಎಂದುಕೊಂಡು ನಾನು ಒರೆಸಿದೆ. ಹಾಡು ಬರಲಿಲ್ಲ. ಫೋನಿನಲ್ಲೇ ಯಾರೋ ಹೇಳಿಕೊಟ್ಟಂತೆ ಸ್ಪೀಕರಿನ ನೀರು ಹೊರಹಾಕುವ ಸದ್ದೊಂದನ್ನು ಹಾಕಿದೆ. ಫೋನು ಕಲ್ಲಿನ ಮೇಲೆ ಜೀರುಂಡೆಯಂತೆ ನಡುಗಿತು, ಒಂದು ಹನಿ ನೀರೂ ಬರಲಿಲ್ಲ, ದನಿಯೂ ಬರಲಿಲ್ಲ. ಸಣ್ಣ ಬ್ರಷ್ಷಿನಿಂದ ಉಜ್ಜಿದೆ. ಮೇಲಿನದು ಹೋಯಿತು, ಒಳಗಿನದು ಒಳಗೇ ಇತ್ತು.

ಅಪ್ಪನ ಬಟನ್ ಸೆಟ್ಟಿನಿಂದ ಮಾಡೋಣವೆಂದರೆ ಅಕ್ಕನ ಮನೆ ಊರಾಚೆ ಕಾಡಂಚಿನ ತೋಟದಲ್ಲಿ. ಅಲ್ಲಿ ಟವರ್ ಸಿಗುವುದಿಲ್ಲ. ಭಾವ ಹಾಕಿಸಿದ ವೈಫೈಯಲ್ಲಿ ಬರುವ ವಾಟ್ಸಾಪ್ ಕಾಲ್ ಒಂದೇ ದಾರಿ, ಅದಕ್ಕೆ ದೊಡ್ಡ ಫೋನೇ ಬೇಕು. ಪಕ್ಕದ ಮನೆಯಿಂದ ಕೇಳಿ ತರುತ್ತೇನೆ ಅಂದರೆ ಅಜ್ಜಿ ತಲೆ ಅಲ್ಲಾಡಿಸಿದಳು.

"ಎಂಟು ತಿಂಗಳ ಬಸುರಿ ಕತೆಯ ಊರೋರ ಫೋನಲ್ಲಿ ಏಳ್ತಾರಾ? ದೃಷ್ಟಿ ಆಗಾಕಿಲ್ವ?"

"ಹಾಗಾದ್ರೆ ಹೂಂ ನಾನು ಕೇಳಿಸಿಕೊಂಡು ನಿಂಗೆ ಕೈ ಸನ್ನೆ ಮಾಡ್ತೀನಿ ಅಜ್ಜಿ."

"ನೀನು ಉಣ್ಣು, ನಾನು ಒಟ್ಟೆ ತುಂಬ್ತು ಅಂತೀನಿ" ಎಂದಳು ಅಜ್ಜಿ.

ಒಂದು ವಾರ ಕಳೆಯಿತು. ಮನೆ ಮೆಲ್ಲಗೆ ಎರಡಾಯಿತು.

ಮುದ್ದೆಯಿಂದ ಶುರುವಾದದ್ದು. ಒಂದು ಮಧ್ಯಾಹ್ನ ಅಮ್ಮ ತಟ್ಟೆಗೆ ಮುದ್ದೆ ಇಟ್ಟು ಬಸ್ಸಾರು ಬಿಟ್ಟರೆ ಅಜ್ಜಿ ತಟ್ಟೆಯನ್ನು ಮುಂದಕ್ಕೆ ತಳ್ಳಿದಳು. "ನನ್ನ ಮುದ್ದೆಯ ನಾನೇ ತೊಳಸ್ಕತೀನಿ" ಎಂದಳು. ಹಿತ್ತಿಲಿನಲ್ಲಿ ಮೂರು ಕಲ್ಲಿಟ್ಟು, ತೆಂಗಿನ ಸೋಗೆ ಮುರಿದು ಒಲೆ ಹಚ್ಚಿದಳು. ಮಂಡಿ ಬಗ್ಗದವಳು ಕುಕ್ಕರಗಾಲಲ್ಲಿ ಕೂರಲಾರದೆ, ನೀರು ಕಾಯಿಸುವ ಹಂಡೆಯ ಕಟ್ಟೆ ಮೇಲೆ ಕೂತು ಉದ್ದ ಕೋಲಿನಿಂದ ತೊಳಸಿದಳು. ಮುದ್ದೆ ಗಂಟುಗಂಟಾಯಿತು. ಅದನ್ನೇ ಮಜ್ಜಿಗೆಯಲ್ಲಿ ನುಂಗಿದಳು.

ಅಮ್ಮ ಕಿಟಕಿಯಿಂದ ನೋಡುತ್ತಿದ್ದಳು. "ಹೊಗೆ ಕಣ್ಗೆ ಓದ್ರೆ ಆಮೇಲೆ ಡ್ರಾಪ್ಸ್ ಹಾಕೋಳು ನಾನೇ" ಎಂದಳು ನನಗೆ. ಸಂಜೆ ಹಿತ್ತಿಲಿಗೆ ಹೋಗಿ ಒಣಗಿದ ಸೋಗೆಯನ್ನೇ ಆರಿಸಿ ಒಲೆಯ ಪಕ್ಕ ಒಟ್ಟಿಟ್ಟು ಬಂದಳು. ಹೇಳಲಿಲ್ಲ. ಅಜ್ಜಿಯೂ ಕೇಳಲಿಲ್ಲ.

ಇನ್ನೊಂದು ನಾನು ಕಂಡದ್ದು. ಬೆಳಿಗ್ಗೆ ಹಾಲು ಕರೆದಾದ ಮೇಲೆ ಅಮ್ಮ ಕೊಟ್ಟಿಗೆಯ ಗೋಡೆಗೆ ಒರಗಿ ಫೋನನ್ನು ಕಿವಿಗೊತ್ತಿಕೊಂಡು ನಿಲ್ಲುತ್ತಿದ್ದಳು. ಕತೆ ನಿಂತ ಮೇಲೆ ಅಕ್ಕ ಅಮ್ಮನ ಹತ್ತಿರ ಮಾತಾಡತೊಡಗಿದ್ದಳು.

"ಏನುಂಡೆ? ಸೊಪ್ಪು ಹಾಕಿದ್ರಾ ನಿಮ್ಮತ್ತೆ? ಬಲಗಡೆ ಮಲಗಬ್ಯಾಡ, ಎಡಗಡೆ ಮಲಿಕ್ಕೊ. ಕಾಲು ಊದದಾ?... ಜೋರಾಗೇ ಮಾತಾಡ್ತಿವ್ನಲ್ಲ? ದೂರದಲ್ಲಿದ್ದಂಗೆ ಕೇಳ್ತದಾ? ... ಹೆದರಬ್ಯಾಡ ಕಣ್ ಕೂಸೆ. ನಿನ್ನ ಹೆರೋವಾಗ ನಂಗೂ ಹಂಗೇ ಆಗಿತ್ತು, ಯಾರಿಗೂ ಏಳಿರಲಿಲ್ಲ..."

ನನ್ನನ್ನು ಕಂಡು ಬೆನ್ನು ತಿರುಗಿಸಿದಳು. ಅವಳ ಮುಖದಲ್ಲಿ ಎಷ್ಟೋ ತಿಂಗಳಿಂದ ಇಲ್ಲದ ನೆಮ್ಮದಿ ಇತ್ತು. ಅದನ್ನು ಕಂಡು ನನಗೇ ಒಂದು ಕೆಟ್ಟ ಯೋಚನೆ ಬಂತು. ಅಜ್ಜಿ ಹೇಳಿದ್ದು ನಿಜವಿದ್ದರೆ?

"ಕೊಳ್ಳೇಗಾಲಕ್ಕೆ ತಕೊಂಡು ಹೋಗಿ ತೋರಿಸೋಣ ಅಮ್ಮ" ಅಂದೆ.

"ನಾಟಿ ಮುಗೀಲಿ."

"ನಾಟಿಗೂ ಫೋನಿಗೂ ಏನು?"

"ಆಳ್ಗಳ್ಗೆ ಬುತ್ತಿ ಹೊರೋದು ಯಾರು, ನಿಮ್ಮಜ್ಜಿನಾ?" ಎಂದು ಕೊಡ ಎತ್ತಿಕೊಂಡು ಹೋದಳು.

ಅಪ್ಪನೇ ಒಂದು ದಿನ ಗೊಬ್ಬರ ತರಲು ಯಳಂದೂರಿಗೆ ಹೋದಾಗ ಅಲ್ಲಿ ಒಂದು ಅಂಗಡಿಗೆ ತೋರಿಸಿ ಬಂದರು. ಅಂಗಡಿಯವನು ಫೋನನ್ನು ತೆರೆಯದೆ, ತಿರುಗಿಸಿಯೂ ನೋಡದೆ, "ಬೋರ್ಡ್ ಓಗದೆ ಸಾ, ಹೊಸದೇ ತಕಳ್ಳಿ" ಎಂದನಂತೆ.

ಅವತ್ತು ಅಜ್ಜಿ ಬಾಯಿಗೆ ಬಂದದ್ದೆಲ್ಲ ಅಂದಳು. ಅಮ್ಮನ ತವರಿನವರ ವರೆಗೂ ಹೋದಳು. ಅಮ್ಮ ಮೊದಲ ಸಲ ತಿರುಗಿ ನಿಂತಳು.

"ಎರಡು ತಿಂಗಳಿಂದ ನನ್ನ ಮಗಳ ದನಿಯ ನೀವೇ ಇಟ್ಕಂಡ್ರಿ ಅತ್ತೆ. ಊಟ ಮಾಡ್ದಾ ಅಂತ ಒಂದು ಮಾತು ಕೇಳಾಕೂ ನಂಗೆ ಸಂದಿ ಬುಡಲಿಲ್ಲ. ರಾಣಿ ಅಂತೆ, ಮೊಟ್ಟೆ ಅಂತೆ. ಅಲ್ಲಿ ಮಲಗಿರೋಳು ರಾಣಿ ಅಲ್ಲ, ನನ್ನ ಕೂಸು."

ಅಜ್ಜಿಗೆ ಎಷ್ಟು ಕೇಳಿಸಿತೋ. ಬಹಳ ಹೊತ್ತು ವಿಭೂತಿ ಗಟ್ಟಿಯನ್ನು ಅಂಗೈಯಲ್ಲಿ ತಿರುಗಿಸುತ್ತ ಕೂತಿದ್ದಳು. "ನಾನು ಮಾತು ಕೊಟ್ಟಿವ್ನಿ" ಎಂದಳು ಕೊನೆಗೆ. ಯಾರಿಗೆ ಹೇಳಿದಳು ಎಂದು ತಿಳಿಯಲಿಲ್ಲ.

ಮೂರನೇ ವಾರದ ಸೋಮವಾರ ಭಾವ ಫೋನ್ ಮಾಡಿದರು. ಡಾಕ್ಟರಮ್ಮ ಗುರುವಾರಕ್ಕೆ ಆಪರೇಷನ್ ಗೊತ್ತು ಮಾಡಿದ್ದಾರೆ, ಕೊಳ್ಳೇಗಾಲದ ಆಸ್ಪತ್ರೆಯಲ್ಲಿ. ಗುರುವಾರ ಮುಂಜಾನೆ ಕಾರಿನಲ್ಲಿ ಮೆಲ್ಲಗೆ ಕರೆತರುತ್ತಾರೆ. ಆಮೇಲೆ ಅಕ್ಕ ಫೋನು ತೆಗೆದುಕೊಂಡು ನನಗೆ ಒಂದೇ ಮಾತು ಕೇಳಿದಳು.

"ಕತೆ ಮುಗಿಯೋದಿಲ್ವಾ ಮಧು?"

"ಮುಗಿಯುತ್ತೆ."

"ಅಜ್ಜಿ ಹೇಳಿದ್ರಲ್ಲ, ಮುಗಿಯೋ ತನಕ ಏನೂ ಆಗೋಲ್ಲ ಅಂತ. ಈಗ ಅರ್ಧಕ್ಕೆ ನಿಂತಿದೆ. ನಂಗೆ ರಾತ್ರಿಯೆಲ್ಲ ಬಾಗಿಲು ತಟ್ಟಿದ ಹಾಗೆ ಆಗುತ್ತೆ ಕಣೆ. ಎರಡು ದಿನದಿಂದ ಅನ್ನ ಸೇರ್ತಿಲ್ಲ." ಅಳುತ್ತಿದ್ದಳು.

ಅಮ್ಮ ನನ್ನ ಪಕ್ಕದಲ್ಲೇ ಕಿವಿ ತಾಗಿಸಿಕೊಂಡು ನಿಂತಿದ್ದಳು. ಫೋನು ಇಟ್ಟ ಮೇಲೆ ಹಸುವಿನ ಮುಂದೆ ಹುಲ್ಲು ಹಾಕಿದಳು, ಕೈ ತೊಳೆದಳು, ಸೀರೆ ಬದಲಿಸಿದಳು. ಮಂಗಳವಾರಕ್ಕೆ ಹೇಳಿದ್ದ ನಾಟಿಯ ಆಳುಗಳನ್ನು ಶುಕ್ರವಾರಕ್ಕೆ ಬನ್ನಿ ಎಂದು ಹೇಳಿಕಳಿಸಿದಳು.

"ನಾಳೆ ಮೊದಲನೇ ಬಸ್ಸಿಗೆ ಕೊಳ್ಳೇಗಾಲಕ್ಕೆ ಓಗವ" ಎಂದಳು.

ಕೊಳ್ಳೇಗಾಲದ ಬಸ್ ಸ್ಟ್ಯಾಂಡಿನ ಹಿಂದಿನ ಸಂದಿಯಲ್ಲಿ ಒಂದು ರಿಪೇರಿ ಅಂಗಡಿ ಇದೆ. ರಿಪೇರಿ ಮಾಡುವವಳು ಕೋಮಲ ಎಂಬ ಹೆಂಗಸು. ಕಾಲೇಜಿಗೆ ಹೋಗುವಾಗ ನೋಡಿದ್ದೆ: ಹಣೆಗೆ ದೀಪ ಕಟ್ಟಿಕೊಂಡು, ತುಟಿ ಬಿಗಿದುಕೊಂಡು, ಫೋನುಗಳ ಹೊಟ್ಟೆ ಬಿಚ್ಚುತ್ತಿರುತ್ತಾಳೆ. ಅವತ್ತು ಹೋದಾಗ ಅಂಗಡಿ ಮುಚ್ಚಿತ್ತು. ಪಕ್ಕದ ಬೀಡಾ ಅಂಗಡಿಯವರು, "ಮಗಳಿಗೆ ಜ್ವರ ಅಂತೆ, ನಾಳೆ ಬತ್ತಾರೆ" ಎಂದರು. ಹಾಗೇ ವಾಪಸ್ಸು ಬಂದು, ಬುಧವಾರ ಮತ್ತೆ ಹೋದೆವು.

ಕೋಮಲ ಫೋನನ್ನು ಬೆಳಕಿಗೆ ಹಿಡಿದಳು.

"ಏನಾಗಿದ್ದು ಅಕ್ಕಾ?"

"ನೀರು ಬಿದ್ದಿರಬೋದು ಅಂತಾರೆ ನಮ್ಮನೇಲಿ" ಎಂದಳು ಅಮ್ಮ.

"ಅಂತಾರೆ ಅಲ್ಲ, ಬಿದ್ದದಾ?"

"ನಂಗೆ ಗೊತ್ತಿಲ್ಲವ್ವ."

ಕೋಮಲ ನಕ್ಕಳು. ಬಿಸಿಗಾಳಿ ಹಿಡಿದು ಹಿಂದಿನ ಮುಚ್ಚಳ ಎಬ್ಬಿಸಿದಳು, ಸಣ್ಣ ಸ್ಕ್ರೂಗಳನ್ನು ಒಂದು ಬಾಟಲಿ ಮುಚ್ಚಳಕ್ಕೆ ಹಾಕಿದಳು, ಚಿಮಟದಿಂದ ತಳದ ತುಂಡೊಂದನ್ನು ಎತ್ತಿದಳು. ಆಮೇಲೆ ಹಣೆಯ ದೀಪ ಬಗ್ಗಿಸಿ ಸುಮ್ಮನೆ ನೋಡಿದಳು.

"ನೀರಿನ ಗುರುತೇ ಇಲ್ಲ. ಅಕ್ಕಾ, ನಿಮ್ಮನೇಲಿ ಸುಣ್ಣ ಹೊಡೆದ್ರಾ?"

ಸ್ಪೀಕರಿನ ಕಪ್ಪು ಜಾಲರಿಯ ತುಂಬ ಬೆಳ್ಳಗೆ ಗಾರೆ ಬಳಿದ ಹಾಗಿತ್ತು. ಅವಳು ಸೂಜಿಯ ತುದಿಯಿಂದ ಒಂದು ಚೂರು ಎಬ್ಬಿಸಿದಳು. ಹಾಳೆ ಹಾಳೆಯಾಗಿ ಎದ್ದಿತು.

"ಒಂದಿನದ್ದಲ್ಲ ಇದು. ದಿನಾ ಹಸಿಹಸಿಯಾಗಿ ಬಳಿದು, ಒಣಗಿ, ಮೇಲಿಂದ ಯಾರೋ ಒತ್ತಿ ಒರೆಸವ್ರೆ. ಪಕ್ಕದಲ್ಲಿ ಮೈಕಿನ ತೂತೂ ಅರ್ಧ ಮುಚ್ಚೋಗದೆ. ಸುಣ್ಣ ಅಲ್ಲ, ವಾಸನೆ ನೋಡಿ."

ಅಮ್ಮ ಆ ಚೂರನ್ನು ಉಗುರಿನ ಮೇಲೆ ತೆಗೆದುಕೊಂಡಳು. ಮೂಗಿನ ಹತ್ತಿರ ತಂದಳು. ನನ್ನನ್ನು ನೋಡಿದಳು. ನಾನು ನನ್ನ ಕೈ ನೋಡಿಕೊಂಡೆ. ಬಳಿದವಳು ಅಜ್ಜಿ, ಒಳಗೆ ತುಂಬಿದವಳು ನಾನು. ಮೂರು ವಾರ ಬೈಸಿಕೊಂಡವಳು ಅಮ್ಮ.

"ವಿಭೂತಿ" ಎಂದಳು ಅಮ್ಮ ಮೆಲ್ಲಗೆ.

"ಫೋನಿಗೆ ವಿಭೂತಿನಾ?" ಕೋಮಲ ತಲೆ ಎತ್ತಿದಳು. "ಫೋನೊಳಗೆ ಉಪ್ಪಿಟ್ಟು ಸಿಕ್ಕದೆ, ಜಿರಲೆ ಸಿಕ್ಕದೆ. ದೇವ್ರ ಪ್ರಸಾದ ಇದೇ ಮೊದಲು."

"ನಮ್ಮತ್ತೆ ಕೈ ಪ್ರಸಾದ" ಎಂದಳು ಅಮ್ಮ. ಅವಳು ನಗುತ್ತಿದ್ದಳೋ ಇಲ್ಲವೋ ಹೇಳಲಾರೆ.

ಸ್ಪಿರಿಟ್ಟಿನಲ್ಲಿ ನೆನೆಸಿ, ಸಣ್ಣ ಬ್ರಷ್ಷಿನಿಂದ ಕೆರೆದು, ಗಾಳಿ ಊದಿ, ಮತ್ತೆ ನೆನೆಸಿ, ಕೋಮಲ ಮುಕ್ಕಾಲು ಗಂಟೆ ತೆಗೆದುಕೊಂಡಳು. ಮುಚ್ಚಳ ಹಾಕಿ ಫೋನಿನ ರಿಂಗ್ ಹಚ್ಚಿದಳು. ಸಂದಿಯ ತುಂಬ ಅದು ಕೂಗಿತು. ಬೀಡಾ ಅಂಗಡಿಯವರು ಬಗ್ಗಿ ನೋಡಿದರು.

ಬಸ್ಸಿನಲ್ಲಿ ಅಮ್ಮ ಕಿಟಕಿ ಪಕ್ಕ ಕೂತಳು.

"ಇವತ್ತು ಹೋಗಿ ಅಜ್ಜಿ ಮುಂದೆ ಇಡ್ತೀನಿ ನೋಡು" ಅಂದೆ ನಾನು. "ಮೂರು ವಾರ ಏನೇನಂದ್ರು ನಿನ್ನ."

"ಅವರ್ಗೆ ಏಳ್ಬೇಡ."

"ಯಾಕೆ?"

"ಅವರು ಯಾಕೆ ಅಚ್ಚಿದ್ದು? ದಿವ್ಯಂಗೆ ಏನೂ ಆಗದಿರ್ಲಿ ಅಂತ ತಾನೆ? ತನ್ನ ಕೈಯಿಂದ್ಲೇ ಕತೆ ನಿಂತದ್ದು ಅಂತ ಗೊತ್ತಾದ್ರೆ ಆ ಮುದುಕಿಗೆ ಇವತ್ತು ಬಾಯಿಗೆ ಕತೆ ಬತ್ತದಾ? ನಾಳೆ ಬೆಳಗ್ಗೆ ಆಸ್ಪತ್ರೆ." ಕಿಟಕಿಯಾಚೆಗೆ ತಿರುಗಿ ಮತ್ತೆ ಹೇಳಿದಳು, "ನಂಗೂ ಬೇಗ ರಿಪೇರಿ ಆಗ್ಲಿ ಅಂತ ಅನ್ನಿಸ್ತಿರಲಿಲ್ಲ ಮಧು. ನಾಟಿ ನೆಪ. ಕಿವಿಗೆ ಇಟ್ಕಂಡು ಮಾತಾಡೋವಾಗ ಅವಳು ನನ್ನೊಬ್ಬಳಿಗೇ ಮಾತಾಡ್ತಾಳೆ ಅನ್ನಿಸ್ತಿತ್ತು. ಅಲ್ಲಿ ಕೂಸು ಹೆದರ್ಕಂಡು ಅನ್ನ ಬುಟ್ಟಿದ್ದು ನಂಗೆ ಏಳಲೇ ಇಲ್ಲ ನೋಡು."

ಮನೆಗೆ ಬಂದಾಗ ಹೊತ್ತು ಇಳಿಯುತ್ತಿತ್ತು. ಅಜ್ಜಿ ಹಿತ್ತಿಲ ಒಲೆಯ ಮುಂದೆ ಕಣ್ಣೊರೆಸಿಕೊಳ್ಳುತ್ತ ಕೂತಿದ್ದಳು. ನಮ್ಮನ್ನು ಕಂಡು ಎದ್ದು ಗೋಡೆ ಹಿಡಿದುಕೊಂಡು ಒಳಗೆ ಬಂದಳು.

"ಸರಿಯಾಯ್ತಾ?"

ನಾನು ಹಾಡು ಹಾಕಿದೆ. ಅಜ್ಜಿಯ ಮುಖ ಬಿಚ್ಚಿಕೊಂಡಿತು.

"ಏನಾಗಿತ್ತಂತೆ?"

"ನೀರು ಓಗಿತ್ತಂತೆ ಅತ್ತೆ" ಎಂದಳು ಅಮ್ಮ ಜೋರಾಗಿ, ಅಜ್ಜಿಯ ಎಡಗಿವಿಯ ಕಡೆಯಿಂದ. "ನನ್ನ ಕೈಯಿಂದ್ಲೇ ಆಗಿರಬೇಕು."

ಅಜ್ಜಿಯದು ಗೆದ್ದವರ ಮುಖವಾಗಿರಲಿಲ್ಲ. ದೀಪ ಹಚ್ಚಿದಳು. ವಿಭೂತಿ ತೇದಳು. ಒರಳುಕಲ್ಲಿನ ಮೇಲೆ ಫೋನಿಟ್ಟು, ಮೂರು ಬೆರಳು ಅದ್ದಿ, ಕೊರಳಿನ ಕಡೆ ಕೈ ನೀಡಿದಳು.

ಅಮ್ಮ ಓಡಿಬಂದು ಫೋನನ್ನು ಮಗುಚಿ ಹಾಕಿದಳು.

"ಬೆನ್ನಿಗೆ ಅಚ್ಚಿ ಅತ್ತೆ. ಕವರಿನ ಮೇಲೆ. ಕೊರಳಿಗೆ ಬ್ಯಾಡ."

ಅಜ್ಜಿಯ ಕೈ ಅಲ್ಲೇ ನಿಂತಿತು. ಬೆರಳಿನಿಂದ ಬಿಳಿ ನೀರು ಒಂದು ಹನಿ ಕಲ್ಲಿನ ಮೇಲೆ ಬಿತ್ತು. ನಾವು ನೋಡುತ್ತಿದ್ದ ಹಾಗೇ ಅಂಚಿನಿಂದ ಒಣಗಿ ಬೆಳ್ಳಗೆ ಗಟ್ಟಿಯಾಯಿತು. ಅಜ್ಜಿ ಅದನ್ನು ನೋಡಿದಳು. ಬೆರಳು ನೋಡಿಕೊಂಡಳು. ಆಮೇಲೆ ಅಮ್ಮನನ್ನು ನೋಡಿದಳು.

"ನೀರಲ್ಲ" ಎಂದಳು.

"ನೀರೇ ಅತ್ತೆ."

"ಎಪ್ಪತ್ತಾರು ವರ್ಷ ಆಯ್ತು ಕಣ್ ಯಶೋದ, ನನ್ಗೆ ಕಿವಿ ಓಗದೆ, ಕಣ್ ಓಗಿಲ್ಲ." ಅಜ್ಜಿ ಆ ಮೂರು ಬೆರಳನ್ನು ನಿಧಾನವಾಗಿ ಫೋನಿನ ಬೆನ್ನಿಗೆ ಎಳೆದಳು. ಉಳಿದದ್ದನ್ನು ಏನು ಮಾಡುವುದೆಂದು ತಿಳಿಯದವಳಂತೆ ಒಂದು ಗಳಿಗೆ ಕೈ ಎತ್ತಿ ಹಿಡಿದಿದ್ದು, ಆಮೇಲೆ ಅಮ್ಮನ ಹಣೆಗೆ ಹಚ್ಚಿದಳು. "ಇತ್ಲು ಒಲೆಗೆ ನೀರು ಉಯ್ದು ಬಾ ಮಧು. ಇವತ್ತು ನನ್ನ ಮುದ್ದೆಯ ಇವಳೇ ತೊಳಸ್ಲಿ."

ಅಮ್ಮ ಅಡುಗೆಮನೆಗೆ ಹೋದಳು. ನಾನು ಅಕ್ಕನಿಗೆ ಕರೆ ಹಚ್ಚಿ ಸ್ಪೀಕರಿಗೆ ಹಾಕಿದೆ. ಅಪ್ಪ ಜಗಲಿ ಬಿಟ್ಟು ಹೊಸ್ತಿಲಿಗೆ ಬಂದು ಕೂತರು.

"ಅಜ್ಜೀ?" ಅಕ್ಕನ ದನಿ ಜಂತೆಗೆ ತಾಗಿತು.

"ಬಂದೆ ಕಣ್ ಮೊಗ. ಎಲ್ಲಿಗೆ ನಿಲ್ಸಿದ್ದೆ?"

"ಬಾಗಿಲು ತಟ್ಟಿದ್ರು. ಮೂರು ಸಲ."

"ಹೂಂ. ತಟ್ಟಿದ್ರು. ರಾಣಿ 'ಯಾರದು' ಅಂದ್ಳು."

"ಹೂಂ."

"ಆಚೆ ಕಡೆಯಿಂದ ಯಾರೂ ಮಾತಾಡಲಿಲ್ಲ. ಬಾಗ್ಲು ತಾನಾಗೇ ತೆರೀತು. ಒಬ್ಬ ಎಂಗಸು. ಕಾಲ್ಗೆಲ್ಲ ಗದ್ದೆ ಕೆಸರು. ಸೊಂಟದಲ್ಲಿ ಎಲೆಅಡಿಕೆ ಚೀಲ."

ಅಡುಗೆಮನೆಯಲ್ಲಿ ಮುದ್ದೆ ಕೋಲಿನ ಸದ್ದು ನಿಂತಿತು.

"ಹೂಂ" ಎಂದಳು ಅಕ್ಕ.

"ರಾಣಿಯ ಎತ್ತ ತಾಯಿ ಅವಳು. ಏಳು ಕೆರೆ ದಾಟಿ ಬಂದವಳೆ. ಬಂದೋರೆಲ್ಲ ಏಳು ಏಳು ಅಂದಿದ್ರಲ್ಲ, ಇವಳು ಅನ್ನಲಿಲ್ಲ. ಪಕ್ಕದಲ್ಲಿ ಬಂದು ಕೂತ್ಕಂಡ್ಳು. 'ನೀನು ಏಳ್ಬೇಡ ಕೂಸೆ' ಅಂದ್ಳು."

"ಹೂಂ."

"'ಒಂಬತ್ತು ತಿಂಗಳು ಒಬ್ಳೇ ಇಡ್ಕಂಡಿದ್ದೀಯೆ. ನನ್ನ ಕೈಯ ನಿನ್ನ ಮಡಿಲ ಕೆಳಕ್ಕೆ ಇಡ್ತೀನಿ, ಒಂದು ಗಳಿಗೆ ನೀನು ಕಣ್ಮುಚ್ಕೊ. ಭಾರ ನನ್ನ ಮ್ಯಾಲೆ ಇರ್ಲಿ' ಅಂದ್ಳು. ರಾಣಿ ಕಣ್ಮುಚ್ಚಿದ್ಳು. ಅವತ್ತು ರಾತ್ರಿ ಅವಳಿಗೆ ಬಂದದ್ದು ಬ್ಯಾರೆ ನಿದ್ದೆ. 'ಎದ್ದು ಬಾ' ಅಂತ ಕರಿಯಾಕೆ ಬಂದ ನಿದ್ದೆ ಅಲ್ಲ. ಸುಮ್ನೆ ನಿದ್ದೆ."

"ಹೂಂ" ಅಕ್ಕನ ದನಿ ಒದ್ದೆಯಾಗಿತ್ತು.

"ಕೋಳಿ ಕೂಗೋ ಒತ್ತಿಗೆ ಮೊಟ್ಟೆ ಒಳಗಿಂದ ಸಣ್ಣಗೆ ಒಂದು ದನಿ. ತಾಯಿಗೂ ಕೇಳ್ತು, ಮಗಳಿಗೂ ಕೇಳ್ತು. ಅಲ್ಲೇ ಮೂಲೇಲಿ ಕೂತಿದ್ಲಲ್ಲ ಒಬ್ಳು ಕಿವುಡಿ ಮುದುಕಿ, ಅವಳಿಗೂ ಕೇಳ್ತು. ರಾಣಿ ಎದ್ಳು. ಮಡಿಲು ತುಂಬಿತ್ತು." ಅಜ್ಜಿ ಉಸಿರು ತೆಗೆದುಕೊಂಡಳು. "ಅರಮನೆ ಅಲ್ಲೇ ಉಳೀತು, ಉಂಡೆಲೆ ಎತ್ತಿ ನಾನು ಇಲ್ಲಿಗೆ ಬಂದೆ. ಇಗೋ, ಕೊಟ್ಟ ಮಾತು ತೀರ್ತು. ಹೂಂ ಅನ್ನು ಮೊಗ."

ರಾಮಾಪುರದಿಂದ ಅಕ್ಕನ ಹೂಂ ಬಂತು, ದೊಡ್ಡದಾಗಿ.

ಅಜ್ಜಿ ಇನ್ನೂ ಕಾಯುತ್ತಿದ್ದಳು, ಅಡುಗೆಮನೆಯ ಬಾಗಿಲ ಕಡೆ ಎಡಗಿವಿ ತಿರುಗಿಸಿಕೊಂಡು.

"ಹೂಂ" ಎಂದಳು ಅಮ್ಮ ಒಳಗಿನಿಂದ.